ಮಸಾದದ ಭಾಷಣವನ್ನು ಬರೆದುಕೊಂಡವರು ಯಾರು? ಜೋಸೆಫಸ್‌ನನ್ನು ಓದುವ ನನ್ನ ಕ್ರಮ

ಒಂಬತ್ತನೇ ತರಗತಿಗೆ ರೋಮ್ ಸಾಮ್ರಾಜ್ಯದ ಪಾಠ ನಡೆದಿತ್ತು. ಹೊರಗೆ ಆಷಾಢದ ಮಳೆ. ಮಕ್ಕಳು ತೂಕಡಿಸುತ್ತಿದ್ದರು. ಪಠ್ಯದಲ್ಲಿ ಇಲ್ಲದ ಕತೆಯೊಂದನ್ನು ಹೇಳೋಣ ಅನ್ನಿಸಿ ಮಸಾದದ ಕತೆ ಹೇಳಿದೆ. ಮೃತ ಸಮುದ್ರದ ಪಕ್ಕ ಒಂದು ಕಡಿದಾದ ಬೆಟ್ಟ. ಮೇಲೆ ಹೆಂಗಸರು ಮಕ್ಕಳು ಸೇರಿ ಸಾವಿರದಷ್ಟು ಯಹೂದಿಗಳು. ಕೆಳಗೆ ರೋಮನ್ ಸೈನ್ಯ. ಕೋಟೆಯ ಗೋಡೆ ಬಿದ್ದ ರಾತ್ರಿ ನಾಯಕ ಎಲಿಯಾಜರ್ ತನ್ನವರನ್ನು ಕೂಡಿಸಿ ಮಾತಾಡುತ್ತಾನೆ. ಗುಲಾಮರಾಗುವ ಬದಲು ನಮ್ಮ ಕೈಯಿಂದಲೇ ಸಾಯೋಣ ಅನ್ನುತ್ತಾನೆ. ಬೆಳಗ್ಗೆ ರೋಮನ್ನರು ಒಳಗೆ ನುಗ್ಗಿದರೆ ಬರೀ ಹೆಣ, ಮೌನ.

ಕ್ಲಾಸಿನಲ್ಲೂ ಮೌನ. ಆಗ ಮೂರನೇ ಬೆಂಚಿನ ಹುಡುಗಿ ಕೈ ಎತ್ತಿದಳು. "ಎಲ್ಲರೂ ಸತ್ತರೆ ಆ ಭಾಷಣ ಬರೆದುಕೊಂಡವರು ಯಾರು ಟೀಚರ್?"

ನನಗೆ ಉತ್ತರ ಗೊತ್ತಿರಲಿಲ್ಲ. ಹುಡುಕಿ ಹೇಳುತ್ತೇನೆ ಅಂದೆ. ಆ ಹುಡುಕಾಟಕ್ಕೆ ಈಗ ಹನ್ನೊಂದು ವರ್ಷ. ನಾನು ತೀರ್ಥಹಳ್ಳಿ ಕಡೆಯ ಹೈಸ್ಕೂಲೊಂದರಲ್ಲಿ ಸಮಾಜ ಪಾಠ ಮಾಡಿ ನಿವೃತ್ತಳಾದವಳು. ಹೀಬ್ರೂ ಬರುವುದಿಲ್ಲ. ಗ್ರೀಕ್ ಅಕ್ಷರ ಕೂಡಿಸಿ ಓದುವಷ್ಟು ಬರುತ್ತದೆ. ಹತ್ತಿರದಲ್ಲಿ ದೊಡ್ಡ ಗ್ರಂಥಾಲಯ ಇಲ್ಲ. ಆದರೂ ಗ್ರೀಕರ, ರೋಮನ್ನರ ಕಾಲದ ಯಹೂದಿಗಳ ಚರಿತ್ರೆಯನ್ನು ಸರಿಯಾಗಿ, ತಾಳ್ಮೆಯಿಂದ ಓದಲು ಸಾಧ್ಯ ಅಂತ ಈಗ ಧೈರ್ಯವಾಗಿ ಹೇಳಬಲ್ಲೆ. ಹೇಗೆ ಅನ್ನುವುದನ್ನು ನಾನು ಮಾಡಿದ ಕ್ರಮದಲ್ಲೇ ಬರೆಯುತ್ತೇನೆ.

ಮೊದಲು ಬರೆದವನ ಬದುಕು, ಒಂದೇ ಪುಟದಲ್ಲಿ

ಈ ಕಾಲದ ಬಗ್ಗೆ ನಮಗೆ ಗೊತ್ತಿರುವುದರಲ್ಲಿ ಬಹುಪಾಲು ಒಬ್ಬನೇ ಮನುಷ್ಯನಿಂದ ಬಂದಿದೆ. ಅವನೇ ಜೋಸೆಫಸ್. ಅವನ ಪುಸ್ತಕ ತೆರೆಯುವ ಮೊದಲು ಅವನ ಬದುಕನ್ನು ನೋಟ್‌ಬುಕ್ಕಿನ ಒಂದು ಪುಟದಲ್ಲಿ ಬರೆದುಕೊಳ್ಳಿ. ಒಂದು ಪುಟ ಸಾಕು, ಆದರೆ ಇದನ್ನು ಬಿಡಬೇಡಿ.

ನನ್ನ ಪುಟದಲ್ಲಿ ಇರುವುದು ಇಷ್ಟು. ಕ್ರಿ.ಶ. 37ರಲ್ಲಿ ಜೆರುಸಲೇಮಿನಲ್ಲಿ ಪುರೋಹಿತ ಮನೆತನದಲ್ಲಿ ಹುಟ್ಟಿದ. ಹುಟ್ಟು ಹೆಸರು ಯೋಸೆಫ್, ಮತ್ತಿತ್ಯಾಹುವಿನ ಮಗ. 66ರಲ್ಲಿ ರೋಮಿನ ವಿರುದ್ಧ ಬಂಡಾಯ ಎದ್ದಾಗ ಗಲಿಲಾಯ ಸೀಮೆಯ ದಂಡನಾಯಕನಾದ. 67ರಲ್ಲಿ ಯೋದ್ಫಾತ್ ಎಂಬ ಊರಿನಲ್ಲಿ 47 ದಿನ ಮುತ್ತಿಗೆ ತಡೆದುಕೊಂಡ. ಊರು ಬಿದ್ದ ಮೇಲೆ ರೋಮನ್ನರಿಗೆ ಶರಣಾದ. ಸೇನಾಪತಿ ವೆಸ್ಪಾಸಿಯನ್‌ನ ಎದುರು ನಿಂತು "ನೀನು ಚಕ್ರವರ್ತಿ ಆಗುತ್ತೀಯ" ಎಂದು ಭವಿಷ್ಯ ಹೇಳಿದ. 69ರಲ್ಲಿ ವೆಸ್ಪಾಸಿಯನ್ ನಿಜವಾಗಿಯೂ ಚಕ್ರವರ್ತಿಯಾದ. ಜೋಸೆಫಸ್‌ನ ಸಂಕೋಲೆ ಕಳಚಿತು. 70ರಲ್ಲಿ ವೆಸ್ಪಾಸಿಯನ್‌ನ ಮಗ ಟೈಟಸ್ ಜೆರುಸಲೇಮನ್ನು ಮುತ್ತಿದಾಗ ಇವನು ರೋಮನ್ ಪಾಳೆಯದಲ್ಲಿ ಇದ್ದ. ತಾನು ಹುಟ್ಟಿದ ಊರು, ತನ್ನ ದೇವಾಲಯ ಸುಡುವುದನ್ನು ಆಚೆ ಕಡೆಯಿಂದ ನೋಡಿದ. ಆಮೇಲೆ ರೋಮಿಗೆ ಹೋದ. ಪೌರತ್ವ ಸಿಕ್ಕಿತು, ವರ್ಷಾಶನ ಸಿಕ್ಕಿತು, ಫ್ಲೇವಿಯಸ್ ಎಂಬ ರಾಜಮನೆತನದ ಹೆಸರು ಸಿಕ್ಕಿತು. ಅಲ್ಲೇ ಕುಳಿತು ಗ್ರೀಕ್ ಭಾಷೆಯಲ್ಲಿ ಬರೆದ. 'ಯಹೂದಿ ಯುದ್ಧ' 70ರ ದಶಕದಲ್ಲಿ, 7 ಭಾಗ. 'ಯಹೂದಿಗಳ ಪುರಾತನ ಚರಿತ್ರೆ' 93ರ ಹೊತ್ತಿಗೆ, 20 ಭಾಗ. ಆಮೇಲೆ ಆತ್ಮಕತೆ ಮತ್ತು ಯಹೂದಿಗಳನ್ನು ಹಳಿದವರಿಗೆ ಕೊಟ್ಟ 'ಅಪಿಯೋನನಿಗೆ ಉತ್ತರ'.

ಕೆಲವರು ಈ ಪುಟ ಬರೆದ ಕೂಡಲೇ ಅವನನ್ನು ದ್ರೋಹಿ ಎಂದು ತಳ್ಳುತ್ತಾರೆ. ಹಾಗೆ ಮಾಡಬೇಡಿ. ಯಾರ ಮನೆಯಲ್ಲಿ ಕುಳಿತು, ಯಾರ ಅನ್ನ ತಿಂದು, ಯಾರಿಗಾಗಿ ಬರೆದ ಅನ್ನುವುದು ಗೊತ್ತಿರಲಿ, ಅಷ್ಟೇ. ಓದುವಾಗಲೆಲ್ಲ ಈ ಪುಟ ಪಕ್ಕದಲ್ಲಿ ತೆರೆದಿರಲಿ.

ಯಾವ ಅನುವಾದ, ಯಾವ ಅಂಕಿ

ವಿಲಿಯಂ ವಿಸ್ಟನ್ 1737ರಲ್ಲಿ ಮಾಡಿದ ಇಂಗ್ಲಿಷ್ ಅನುವಾದ ಇಂಟರ್ನೆಟ್‌ನಲ್ಲಿ ಪುಕ್ಕಟೆ ಸಿಗುತ್ತದೆ. ಭಾಷೆ ಹಳೆಯದು, ಆದರೆ ಶುರು ಮಾಡಲು ಅಡ್ಡಿಯಿಲ್ಲ. ಲೋಬ್ ಎಂಬ ಪುಸ್ತಕಮಾಲೆಯಲ್ಲಿ ಥ್ಯಾಕರೆಯ ಅನುವಾದ 1926ರಿಂದ ಬರತೊಡಗಿತು. ಎಡಪುಟದಲ್ಲಿ ಗ್ರೀಕ್, ಬಲಪುಟದಲ್ಲಿ ಇಂಗ್ಲಿಷ್. ಸಿಕ್ಕರೆ ಅದನ್ನೇ ಹಿಡಿಯಿರಿ. ಸ್ಟೀವ್ ಮೇಸನ್ ಸಂಪಾದಿಸುತ್ತಿರುವ ದೊಡ್ಡ ವ್ಯಾಖ್ಯಾನದ ಸಂಪುಟಗಳು 2000ದಿಂದ ಬರುತ್ತಿವೆ. ಬೆಲೆ ನಮ್ಮಂಥವರ ಕೈಗೆ ಎಟುಕುವುದಲ್ಲ. ಯಾವುದಾದರೂ ವಿಶ್ವವಿದ್ಯಾಲಯದ ಗ್ರಂಥಾಲಯಕ್ಕೆ ಹೋದಾಗ ಬೇಕಾದ ಪುಟ ನೋಡಿಕೊಂಡು ಬನ್ನಿ.

ಅಂಕಿಗಳ ವಿಷಯ ಮಾತ್ರ ಮೊದಲೇ ತಿಳಿದುಕೊಳ್ಳಿ. ವಿಸ್ಟನ್‌ನ ಅನುವಾದದಲ್ಲಿ ಮಸಾದದ ಸಾವಿನ ಲೆಕ್ಕ 'ಯಹೂದಿ ಯುದ್ಧ'ದ 7.9.1ರಲ್ಲಿ ಇದೆ. ಅಂದರೆ ಏಳನೇ ಭಾಗ, ಒಂಬತ್ತನೇ ಅಧ್ಯಾಯ, ಒಂದನೇ ಖಂಡ. ಈಗಿನ ವಿದ್ವಾಂಸರು ಅದೇ ಮಾತನ್ನು 7.400 ಎಂದು ಬರೆಯುತ್ತಾರೆ. ಇದು ಬೆನೆಡಿಕ್ಟ್ ನೀಸೆ ಎಂಬ ಜರ್ಮನ್ ವಿದ್ವಾಂಸ 1885ರಿಂದ 1895ರವರೆಗೆ ಪ್ರಕಟಿಸಿದ ಗ್ರೀಕ್ ಪಾಠದ ಸಂಖ್ಯೆ. ನಾನು ಇದು ಗೊತ್ತಿಲ್ಲದೆ ಎರಡು ವಾರ ಕಳೆದೆ. ಲೇಖನದಲ್ಲಿ ಒಂದು ಅಂಕಿ, ನನ್ನ ಪುಸ್ತಕದಲ್ಲಿ ಇನ್ನೊಂದು. ಬೇರೆ ಬೇರೆ ಜಾಗ ಅಂದುಕೊಂಡಿದ್ದೆ. ಎರಡೂ ಅಂಕಿಗಳನ್ನು ಕೊಡುವ ಪ್ರತಿ ಹುಡುಕಿಕೊಂಡರೆ ಈ ಕಷ್ಟ ಇಲ್ಲ. ನೋಟ್‌ಬುಕ್ಕಿನಲ್ಲಿ ಯಾವಾಗಲೂ ನೀಸೆಯ ಅಂಕಿ ಬರೆಯಿರಿ.

ನೋಟ್‌ಬುಕ್ಕು ಉದ್ದದ್ದು ಇರಲಿ. ಎಡಪುಟದಲ್ಲಿ ನೀಲಿ ಪೆನ್ನಿನಿಂದ ಅವನು ಹೇಳಿದ್ದು. ಬಲಪುಟದಲ್ಲಿ ಕೆಂಪು ಪೆನ್ನಿನಿಂದ ನಿಮ್ಮ ಪ್ರಶ್ನೆ. ಎರಡನ್ನೂ ಬೆರೆಸಬೇಡಿ. ಆರು ತಿಂಗಳ ನಂತರ ತೆರೆದಾಗ ಯಾವುದು ಜೋಸೆಫಸ್‌ನ ಮಾತು, ಯಾವುದು ನಿಮ್ಮ ಊಹೆ ಅಂತ ಕಣ್ಣಿಗೆ ಗೊತ್ತಾಗಬೇಕು.

ಒಂದೇ ಘಟನೆ, ಎರಡು ಸಲ

27 ಭಾಗಗಳನ್ನೂ ಮೊದಲಿನಿಂದ ಓದುತ್ತೇನೆ ಅಂತ ಹೊರಟರೆ ಸುಸ್ತಾಗುತ್ತೀರಿ. ಒಂದು ಸಣ್ಣ ಘಟನೆ ಹಿಡಿಯಿರಿ. ಜೋಸೆಫಸ್ ಎಷ್ಟೋ ವಿಷಯಗಳನ್ನು ಎರಡು ಸಲ ಬರೆದಿದ್ದಾನೆ. 'ಯುದ್ಧ'ದಲ್ಲಿ ಒಮ್ಮೆ, ಹದಿನೈದು ಇಪ್ಪತ್ತು ವರ್ಷದ ನಂತರ 'ಪುರಾತನ ಚರಿತ್ರೆ'ಯಲ್ಲಿ ಮತ್ತೊಮ್ಮೆ. ಅಭ್ಯಾಸಕ್ಕೆ ಇದಕ್ಕಿಂತ ಒಳ್ಳೆಯದು ಇಲ್ಲ.

ನಾನು ಶುರು ಮಾಡಿದ್ದು ಪಿಲಾತನ ಧ್ವಜಗಳಿಂದ. ಯೇಸುವಿನ ವಿಚಾರಣೆ ಮಾಡಿದ ಅದೇ ಪಿಲಾತ. 26ರಿಂದ 36ರವರೆಗೆ ಜೆರುಸಲೇಮ್ ಇದ್ದ ಯೂದಾಯ ಪ್ರಾಂತದ ರೋಮನ್ ಅಧಿಕಾರಿ. 'ಯುದ್ಧ' 2.169–174 ಮತ್ತು 'ಪುರಾತನ ಚರಿತ್ರೆ' 18.55–59 ಎರಡನ್ನೂ ಅಕ್ಕಪಕ್ಕ ಇಟ್ಟುಕೊಳ್ಳಿ. ಕತೆ ಒಂದೇ. ಚಕ್ರವರ್ತಿಯ ಮುಖ ಇರುವ ಸೇನಾಧ್ವಜಗಳನ್ನು ಪಿಲಾತ ರಾತ್ರಿ ಹೊತ್ತು ಜೆರುಸಲೇಮಿನ ಒಳಗೆ ತರಿಸುತ್ತಾನೆ. ಜನ ಅವನಿದ್ದ ಕೈಸರೈಯ ಪಟ್ಟಣಕ್ಕೆ ಹೋಗಿ ದಿನಗಟ್ಟಲೆ ಬೇಡಿಕೊಳ್ಳುತ್ತಾರೆ. ಆರನೇ ದಿನ ಪಿಲಾತ ಸೈನಿಕರಿಂದ ಸುತ್ತುವರಿಸುತ್ತಾನೆ. ಜನ ನೆಲಕ್ಕೆ ಬಿದ್ದು ಕೊರಳು ಚಾಚುತ್ತಾರೆ. ಅವನು ಬೆರಗಾಗಿ ಧ್ವಜಗಳನ್ನು ವಾಪಸು ತರಿಸುತ್ತಾನೆ.

ಈಗ ಕೆಂಪು ಪೆನ್ನು ತೆಗೆಯಿರಿ. ಮೊದಲ ಪುಸ್ತಕದಲ್ಲಿ ಪಿಲಾತ ಏಕೆ ಹೀಗೆ ಮಾಡಿದ ಅಂತ ಇಲ್ಲ. ಎರಡನೆಯದರಲ್ಲಿ ಯಹೂದಿಗಳ ಕಟ್ಟಳೆ ಅಳಿಸಬೇಕೆಂಬ ಉದ್ದೇಶ ಅವನಿಗೆ ಇತ್ತು ಎಂದು ನೇರವಾಗಿ ಬರೆದಿದೆ. ಹಿಂದಿನ ಅಧಿಕಾರಿಗಳು ಮುಖ ಇಲ್ಲದ ಧ್ವಜ ತರುತ್ತಿದ್ದರು ಎಂಬ ಮಾತೂ ಅಲ್ಲಿ ಸೇರಿದೆ. ಈ ನಡುವೆ ಜೋಸೆಫಸ್‌ಗೆ ಹೊಸ ಆಧಾರ ಸಿಕ್ಕಿತಾ? ಅಥವಾ ಪುಸ್ತಕದ ಉದ್ದೇಶ ಬದಲಾಯಿತಾ? ಎರಡನೆಯ ಪುಸ್ತಕದ ಉದ್ದಕ್ಕೂ ಅವನು ತನ್ನ ಜನರ ಧರ್ಮಶಾಸ್ತ್ರ ಎಷ್ಟು ಹಳೆಯದು, ಎಷ್ಟು ಗೌರವದ್ದು ಅಂತ ಗ್ರೀಕ್ ಓದುಗರಿಗೆ ತೋರಿಸುತ್ತಿದ್ದಾನೆ. ಅಲ್ಲಿ ಪಿಲಾತನ ಉದ್ದೇಶವೇ ಮುಖ್ಯವಾಗುತ್ತದೆ, ಅಲ್ವಾ?

ಮೂರನೆಯ ಸಾಕ್ಷಿಯೂ ಇದೆ. ಅಲೆಕ್ಸಾಂಡ್ರಿಯದ ಯಹೂದಿ ಚಿಂತಕ ಫಿಲೋ. ಅವನು ಪಿಲಾತನ ಕಾಲದಲ್ಲೇ ಬದುಕಿದ್ದವನು. ಅವನ ಪ್ರಕಾರ ತಂದದ್ದು ಧ್ವಜ ಅಲ್ಲ, ಚಿನ್ನದ ಲೇಪದ ಗುರಾಣಿಗಳು. ಅವುಗಳಲ್ಲಿ ಮುಖ ಇರಲಿಲ್ಲ, ಬರಹ ಮಾತ್ರ ಇತ್ತು. ಚಕ್ರವರ್ತಿ ತಿಬೇರಿಯಸನಿಗೆ ಪತ್ರ ಹೋಗಿ, ಅವನು ಗದರಿಸಿದ ಮೇಲೆ ಅವನ್ನು ತೆಗೆದರು. ಇದು ಬೇರೆ ಘಟನೆಯೋ, ಅದೇ ಘಟನೆಯ ಇನ್ನೊಂದು ರೂಪವೋ ಎಂದು ವಿದ್ವಾಂಸರು ಈಗಲೂ ವಾದ ಮಾಡುತ್ತಾರೆ. ನನಗೆ ಎರಡು ಬೇರೆ ಘಟನೆ ಅನ್ನಿಸುತ್ತದೆ. ಆದರೆ ಅದನ್ನು ಕೆಂಪು ಪೆನ್ನಿನಲ್ಲೇ ಬರೆದಿದ್ದೇನೆ.

ಕೊನೆಗೆ ಒಂದು ಕಲ್ಲು. 1961ರಲ್ಲಿ ಇಟಲಿಯ ತಂಡ ಕೈಸರೈಯದ ರಂಗಮಂದಿರದಲ್ಲಿ ಅಗೆಯುವಾಗ, ಮರುಬಳಕೆಯಾಗಿದ್ದ ಕಲ್ಲೊಂದರ ಮೇಲೆ ಲ್ಯಾಟಿನ್ ಅಕ್ಷರ ಸಿಕ್ಕಿತು. ಎಡಭಾಗ ಸವೆದಿದೆ. ಆದರೂ ಪಿಲಾತನ ಹೆಸರು ಓದಬಹುದು. ಅವನ ಹುದ್ದೆ 'ಪ್ರೀಫೆಕ್ಟ್' ಎಂದಿದೆ. ರೋಮನ್ ಇತಿಹಾಸಕಾರ ಟ್ಯಾಸಿಟಸ್ ಅವನನ್ನು 'ಪ್ರೊಕ್ಯುರೇಟರ್' ಎಂದು ಬರೆದಿದ್ದ. ಅದು ಟ್ಯಾಸಿಟಸ್‌ನ ಕಾಲದ ಪದ, ಪಿಲಾತನ ಕಾಲದ್ದಲ್ಲ. ಜೋಸೆಫಸ್ ಒಂದು ಪುಸ್ತಕದಲ್ಲಿ ಒಂದು ಗ್ರೀಕ್ ಪದ, ಇನ್ನೊಂದರಲ್ಲಿ ಇನ್ನೊಂದು ಪದ ಬಳಸುತ್ತಾನೆ. ಒಂದು ಹುದ್ದೆಯ ಹೆಸರಿನಲ್ಲೂ ಬರೆದವರ ಕಾಲ ಅಂಟಿಕೊಂಡಿರುತ್ತದೆ. ನಮ್ಮಲ್ಲಿ ಶಾಸನ ಓದುವವರಿಗೆ ಇದು ಹೊಸದಲ್ಲ. ಹೆಗ್ಗಡೆ, ಗಾವುಂಡ, ನಾಯಕ ಅನ್ನುವ ಪದಗಳು ಪ್ರತಿ ಶತಮಾನದಲ್ಲೂ ಒಂದೇ ಅರ್ಥ ಕೊಡುವುದಿಲ್ಲ.

ಈ ಅಭ್ಯಾಸ ಮುಗಿದ ಮೇಲೆ ಜೆರುಸಲೇಮಿನ ದೇವಾಲಯಕ್ಕೆ ಬೆಂಕಿ ಬಿದ್ದದ್ದನ್ನು ಹಿಡಿಯಿರಿ. 'ಯುದ್ಧ'ದ ಆರನೇ ಭಾಗದಲ್ಲಿ ಟೈಟಸ್ ದೇವಾಲಯ ಉಳಿಸಲು ನೋಡಿದ, ಸೈನಿಕನೊಬ್ಬ ಕೊಳ್ಳಿ ಎಸೆದ ಎಂದಿದೆ. 400ರ ಸುಮಾರಿಗೆ ಬರೆದ ಕ್ರೈಸ್ತ ಲೇಖಕ ಸುಲ್ಪಿಸಿಯಸ್ ಸೆವೆರಸ್ ಪ್ರಕಾರ ಕೆಡವಬೇಕು ಅಂದವನೇ ಟೈಟಸ್. ನಿಮ್ಮ ಒಂದು ಪುಟದ ಜೋಸೆಫಸ್ ಚರಿತ್ರೆಯನ್ನು ಪಕ್ಕದಲ್ಲಿಟ್ಟು ಎರಡನ್ನೂ ತೂಗಿ ನೋಡಿ.

ವರ್ಷದ ಲೆಕ್ಕ ಕಲಿಯುವುದು

ಶಾಲಿವಾಹನ ಶಕ ಗೊತ್ತಿರುವ ಕನ್ನಡಿಗರಿಗೆ ಇದು ಸುಲಭ. ಶಕ ವರ್ಷಕ್ಕೆ 78 ಕೂಡಿಸಿದರೆ ಕ್ರಿಸ್ತಶಕ. ಹಾಗೆಯೇ ಗ್ರೀಕ್ ರಾಜರ ಆಳ್ವಿಕೆಯ ಕಾಲಕ್ಕೆ ಸೆಲ್ಯೂಸಿಡ್ ಶಕ. ಆ ರಾಜರ ವಿರುದ್ಧ ಎದ್ದ ಯಹೂದಿಗಳ ಕತೆ ಹೇಳುವ ಮಕ್ಕಬಿಯರ ಮೊದಲನೇ ಗ್ರಂಥದಲ್ಲಿ ವರ್ಷಗಳೆಲ್ಲ ಇದರಲ್ಲೇ ಇವೆ. 312ರಿಂದ ಕಳೆಯಿರಿ. ಜೆರುಸಲೇಮಿನ ದೇವಾಲಯ ಮೈಲಿಗೆಯಾದದ್ದು 145ನೇ ವರ್ಷ, ಅಂದರೆ ಕ್ರಿ.ಪೂ. 167. ಮತ್ತೆ ಶುದ್ಧಿ ಮಾಡಿದ್ದು 148ನೇ ವರ್ಷ, ಕ್ರಿ.ಪೂ. 164. ಇಂದಿಗೂ ಯಹೂದಿಗಳು ಹನುಕ್ಕಾ ಹಬ್ಬದಲ್ಲಿ ದೀಪ ಹಚ್ಚುವುದು ಆ ಶುದ್ಧಿಯ ನೆನಪಿಗೆ.

ಆದರೆ ಒಂದು ಎಚ್ಚರ ಬೇಕು. ಈ ಶಕವನ್ನು ಮೆಸಿಡೋನಿಯದ ಕ್ರಮದಲ್ಲಿ ಕ್ರಿ.ಪೂ. 312ರ ಶರತ್ಕಾಲದಿಂದ, ಬ್ಯಾಬಿಲೋನಿನ ಕ್ರಮದಲ್ಲಿ 311ರ ವಸಂತದಿಂದ ಎಣಿಸುತ್ತಿದ್ದರು. ಒಂದು ವರ್ಷದ ಹೆಚ್ಚುಕಡಿಮೆ ಬರಬಹುದು. ನಮ್ಮ ಶಾಸನಗಳಲ್ಲಿ ಗತ ಶಕವೋ ವರ್ತಮಾನ ಶಕವೋ ಎಂದು ತಲೆ ಕೆಡಿಸಿಕೊಳ್ಳುತ್ತೇವಲ್ಲ, ಅದೇ ತರಹ.

ಮಕ್ಕಬಿಯರ ಎರಡನೇ ಗ್ರಂಥದಲ್ಲಿ ಹೆಲಿಯೊಡೋರಸ್ ಎಂಬ ಮಂತ್ರಿಯ ಕತೆ ಇದೆ. ದೇವಾಲಯದ ಹಣ ದೋಚಲು ಬಂದವನನ್ನು ಚಿನ್ನದ ಕವಚದ ಕುದುರೆ ಸವಾರ ತುಳಿಸಿದ ಎನ್ನುತ್ತದೆ ಕತೆ. ಸುಮ್ನೆ ಪವಾಡದ ಕತೆ ಅಂತ ಪುಟ ತಿರುಗಿಸಿದ್ದೆ. ಆದರೆ 2007ರಲ್ಲಿ ಒಂದು ಗ್ರೀಕ್ ಶಾಸನ ಪ್ರಕಟವಾಯಿತು. ಕ್ರಿ.ಪೂ. 178ರದು. ನಾಲ್ಕನೇ ಸೆಲ್ಯೂಕಸ್ ರಾಜ ಅದೇ ಹೆಲಿಯೊಡೋರಸನಿಗೆ ಬರೆದ ಪತ್ರ. ಆ ಸೀಮೆಯ ದೇವಾಲಯಗಳ ಉಸ್ತುವಾರಿಗೆ ಒಲಿಂಪಿಯೊಡೋರಸ್ ಎಂಬವನನ್ನು ನೇಮಿಸಿದ್ದಾಗಿ ಹೇಳುತ್ತದೆ. ಕುದುರೆ ಸವಾರ ಇಲ್ಲ. ದೇವಾಲಯಗಳ ವ್ಯವಹಾರಕ್ಕೆ ರಾಜ ಕೈ ಹಾಕಿದ್ದು ಇದೆ. ಪವಾಡದ ಕತೆಯ ಅಡಿಯಲ್ಲಿ ಆಡಳಿತದ ಒಂದು ನಿಜ ಇತ್ತು.

ಆ ಕಲ್ಲಿನ ಮೇಲ್ಭಾಗ ಎಲ್ಲಿ ಸಿಕ್ಕಿತು ಎನ್ನುವುದಕ್ಕೆ ದಾಖಲೆ ಇರಲಿಲ್ಲ. ಆಮೇಲೆ ಮರೇಶಾ ಎಂಬ ಹಳೆಯ ಊರಿನ ಉತ್ಖನನದಲ್ಲಿ ಸಿಕ್ಕ ಚೂರುಗಳು ಅದಕ್ಕೆ ಕೂಡಿಕೊಂಡವು. ಹಾಗಾಗಿ ನಂಬಿಕೆ ಬಂತು. ಎಲ್ಲಕ್ಕೂ ಈ ಅದೃಷ್ಟ ಇರುವುದಿಲ್ಲ. ವಾಷಿಂಗ್ಟನ್ನಿನ ಬೈಬಲ್ ಮ್ಯೂಸಿಯಂ ತನ್ನಲ್ಲಿದ್ದ, ಮೃತ ಸಮುದ್ರದ ಸುರುಳಿ ಎಂದು ಕರೆಯುವ ಹಳೆಯ ಯಹೂದಿ ಹಸ್ತಪ್ರತಿಗಳ 16 ಚೂರುಗಳೂ ನಕಲಿ ಎಂದು 2020ರಲ್ಲಿ ತಾನೇ ಹೇಳಬೇಕಾಯಿತು. ಯಾವುದೇ ವಸ್ತುವಿನ ಬಗ್ಗೆ ಓದಿದರೂ, ಅಗೆದು ಸಿಕ್ಕಿದ್ದಾ, ಅಂಗಡಿಯಿಂದ ಬಂದಿದ್ದಾ ಎಂದು ಮೊದಲು ನೋಡಿ ಬರೆದುಕೊಳ್ಳಿ.

ಮಸಾದಕ್ಕೆ ಹಿಂತಿರುಗಿ

ಇಷ್ಟು ಅಭ್ಯಾಸ ಆದ ಮೇಲೆಯೇ ನಾನು ಆ ಹುಡುಗಿಯ ಪ್ರಶ್ನೆಗೆ ಕೈ ಹಾಕಿದ್ದು. 'ಯುದ್ಧ' 7.399 ಓದಿದಾಗ ಎದೆ ಧಸಕ್ ಎಂದಿತು. ಎಲ್ಲರೂ ಸತ್ತಿರಲಿಲ್ಲ. ಒಬ್ಬ ಮುದುಕಿ, ಎಲಿಯಾಜರನ ನೆಂಟಳಾದ ಇನ್ನೊಬ್ಬ ಹೆಂಗಸು, ಐದು ಮಕ್ಕಳು ನೆಲದಡಿಯ ನೀರಿನ ಕಾಲುವೆಯಲ್ಲಿ ಅಡಗಿದ್ದರು. ಸತ್ತವರು 960. ನಡೆದದ್ದನ್ನು, ಆಡಿದ ಮಾತನ್ನು ರೋಮನ್ನರಿಗೆ ತಿಳಿಸಿದ್ದು ಆ ಹೆಂಗಸರಲ್ಲಿ ಒಬ್ಬಳು. ನಾನು ಕ್ಲಾಸಿನಲ್ಲಿ ಕತೆ ಹೇಳುವಾಗ ಅವರನ್ನೇ ಬಿಟ್ಟುಬಿಟ್ಟಿದ್ದೆ.

ಹಾಗಾದರೆ ಭಾಷಣ ಅವಳು ಹೇಳಿದ್ದಾ? ಭಾಷಣ ಎರಡಿವೆ. ಎರಡನೆಯದು 7.341ರಿಂದ 388ರವರೆಗೆ. ಅದನ್ನು ಓದುತ್ತಾ 351ಕ್ಕೆ ಬಂದೆ. ಅಲ್ಲಿ ಎಲಿಯಾಜರ್ ಹೇಳುತ್ತಾನೆ, ಭಾರತದವರನ್ನು ನೋಡಿ ಅಂತ.

ನಾನು ಕುರ್ಚಿಯಿಂದ ಎದ್ದುಬಿಟ್ಟೆ. ಮೃತ ಸಮುದ್ರದ ಪಕ್ಕದ ಬೆಟ್ಟದಲ್ಲಿ, ಸಾಯುವ ಹಿಂದಿನ ಗಂಟೆಯಲ್ಲಿ, ನಮ್ಮ ದೇಶದ ಹೆಸರು! ಭಾರತದ ಜ್ಞಾನಿಗಳು ಬದುಕನ್ನು ಒಲ್ಲದ ಮನಸ್ಸಿನಿಂದ ಸಲ್ಲಿಸುವ ಸೇವೆಯಂತೆ ತಾಳಿಕೊಳ್ಳುತ್ತಾರೆ. ಯಾವ ಒತ್ತಾಯವೂ ಇಲ್ಲದೆ ಹೊರಡುತ್ತೇನೆ ಅನ್ನುತ್ತಾರೆ. ಸತ್ತವರಿಗೆ ತಲುಪಿಸಲು ಬಂಧುಗಳು ಅವರ ಕೈಯಲ್ಲಿ ಸಂದೇಶ ಕಳಿಸುತ್ತಾರೆ. ಆಮೇಲೆ ಅವರು ಬೆಂಕಿಗೆ ದೇಹ ಒಪ್ಪಿಸುತ್ತಾರೆ. ಇದು ಎಲಿಯಾಜರನ ಮಾತಿನ ಸಾರ.

ಹೆಮ್ಮೆ ಪಟ್ಟು ಅಲ್ಲೇ ನಿಲ್ಲುವುದು ಸುಲಭ. ನಿಲ್ಲಬೇಡಿ. ಈ ಭಾರತ ಎಲ್ಲಿಂದ ಬಂತು ಅಂತ ಕೇಳಿ. ಅಲೆಕ್ಸಾಂಡರನ ಜೊತೆ ಹೋಗಿ, ಅವನ ಸೈನ್ಯದ ಎದುರೇ ಚಿತೆ ಏರಿದ ಕಲಾನೋಸ್ ಎಂಬ ಭಾರತೀಯ ಸಾಧುವಿನ ಕತೆ ಗ್ರೀಕರಲ್ಲಿ ಶತಮಾನಗಳ ಕಾಲ ಓಡಾಡುತ್ತಿತ್ತು. ಸಾವಿಗೆ ಹೆದರದ ಭಾರತೀಯ ಅನ್ನುವುದು ಗ್ರೀಕ್ ಶಾಲೆಗಳಲ್ಲಿ ಕಲಿತವರ ಬಾಯಲ್ಲಿದ್ದ ಉದಾಹರಣೆ. ಜೋಸೆಫಸ್‌ಗೆ ಅದು ಚೆನ್ನಾಗಿ ಗೊತ್ತು. 'ಅಪಿಯೋನನಿಗೆ ಉತ್ತರ' 1.179ರಲ್ಲಿ, ಯಹೂದಿಗಳು ಭಾರತದ ತತ್ವಜ್ಞಾನಿಗಳ ವಂಶ, ಆ ಜ್ಞಾನಿಗಳನ್ನು ಭಾರತದಲ್ಲಿ ಕಲಾನರು ಅನ್ನುತ್ತಾರೆ ಎಂಬ ಗ್ರೀಕ್ ಮಾತೊಂದನ್ನು ಅವನೇ ಎತ್ತಿ ಬರೆದಿದ್ದಾನೆ. ಭಾಷಣದ ಇನ್ನೊಂದು ಭಾಗದಲ್ಲಿ ದೇಹ ಎನ್ನುವುದು ಆತ್ಮದ ಸೆರೆಮನೆ ಎಂಬ ಪ್ಲೇಟೋವಿನ ವಿಚಾರ ಬರುತ್ತದೆ. ಇದು ಕಾಲುವೆಯಿಂದ ಎದ್ದು ಬಂದ ಹೆಂಗಸಿನ ನೆನಪಲ್ಲ. ರೋಮಿನಲ್ಲಿ, ಗ್ರೀಕ್ ಓದಿದವರ ಕಿವಿಗಾಗಿ, ಜೋಸೆಫಸ್ ಕಟ್ಟಿದ್ದು.

ಆ ಕಾಲದ ಇತಿಹಾಸಕಾರರಿಗೆ ಇದು ಮೋಸ ಅಲ್ಲ. ಸಂದರ್ಭಕ್ಕೆ ತಕ್ಕ ಭಾಷಣ ಕಟ್ಟಿ ಬರೆಯುವುದು ಅವರ ಕಸುಬಿನ ಭಾಗ. ಅದಕ್ಕೂ ಐದು ಶತಮಾನ ಮೊದಲು ಗ್ರೀಕ್ ಇತಿಹಾಸಕಾರ ತೂಸಿಡಿಡೀಸ್ ತಾನು ಹೀಗೆ ಮಾಡಿದ್ದೇನೆ ಎಂದು ಬಾಯಿಬಿಟ್ಟು ಹೇಳಿದ್ದಾನೆ.

ಅದೇ ಸಂಜೆ 'ಯುದ್ಧ'ದ ಮೂರನೇ ಭಾಗವನ್ನೂ ಓದಿ. ಯೋದ್ಫಾತ್ ಬಿದ್ದಾಗ ಜೋಸೆಫಸ್ 40 ಜನರ ಜೊತೆ ಗುಹೆಯಲ್ಲಿ ಅಡಗಿದ್ದ. ಅವರು ಸಾಯೋಣ ಅಂದರು. ಜೋಸೆಫಸ್ ಆತ್ಮಹತ್ಯೆ ಪಾಪ ಎಂದು ಉದ್ದನೆಯ ಭಾಷಣ ಮಾಡಿದ. ಒಪ್ಪಲಿಲ್ಲ. ಚೀಟಿ ಎತ್ತಿ ಒಬ್ಬರನ್ನೊಬ್ಬರು ಕೊಂದುಕೊಂಡರು. ಕೊನೆಗೆ ಉಳಿದವರು ಇಬ್ಬರು. ಅವರಲ್ಲಿ ಒಬ್ಬ ಜೋಸೆಫಸ್. ಅದೃಷ್ಟವೋ ದೈವವೋ ಎನ್ನುತ್ತಾನೆ. ಮಸಾದದಲ್ಲೂ ಚೀಟಿ, ಮಸಾದದಲ್ಲೂ ಭಾಷಣ. ಒಂದು ಸಾಯಬೇಡಿ ಅನ್ನುತ್ತದೆ, ಇನ್ನೊಂದು ಸಾಯಿರಿ ಅನ್ನುತ್ತದೆ. ಎರಡನ್ನೂ ಬರೆದ ಕೈ ಒಂದೇ. ತಾನು ಮಾಡದೆ ಬಿಟ್ಟ ಸಾವನ್ನು ಇನ್ನೊಬ್ಬರ ಬಾಯಿಂದ ಇಷ್ಟು ಚೆನ್ನಾಗಿ ಹೇಳಿಸಿದವನ ಮನಸ್ಸಿನಲ್ಲಿ ಏನಿತ್ತು ಅಂತ ನಾನು ಈಗಲೂ ಯೋಚಿಸುತ್ತೇನೆ.

ಇನ್ನು ನೆಲ ಏನು ಹೇಳುತ್ತದೆ ನೋಡಿ. ಇಸ್ರೇಲಿನ ಪುರಾತತ್ವಜ್ಞ ಯಿಗಾಯೆಲ್ ಯಾದಿನ್ 1963ರಿಂದ 1965ರವರೆಗೆ ಮಸಾದವನ್ನು ಅಗೆದರು. ರೋಮನ್ನರ ಎಂಟು ಶಿಬಿರಗಳು, ಸುತ್ತುಗೋಡೆ, ಮಣ್ಣಿನ ಇಳಿಜಾರು ಇವತ್ತಿಗೂ ಕಾಣುತ್ತವೆ. ಮುತ್ತಿಗೆಯ ಮಾತು ನಿಜ. ಆದರೆ ಜೋಸೆಫಸ್ ಒಂದೇ ಅರಮನೆ ಹೇಳುತ್ತಾನೆ, ಅಲ್ಲಿ ಎರಡಿವೆ. ಕಂಬಗಳು ಇಡೀ ಕಲ್ಲಿನವು ಅನ್ನುತ್ತಾನೆ. ನಿಜದಲ್ಲಿ ತುಂಡು ಕಲ್ಲು ಪೇರಿಸಿ ಗಾರೆ ಬಳಿದದ್ದು. ದೂರದಿಂದ ನೋಡಿದವನ, ಅಥವಾ ಕೇಳಿ ಬರೆದವನ ಮಾತು ಅನ್ನಿಸುತ್ತದೆ. ಸಾಮಾನನ್ನು ಒಂದೇ ರಾಶಿ ಮಾಡಿ ಸುಟ್ಟರು ಅನ್ನುತ್ತಾನೆ. ಸುಟ್ಟ ಗುರುತು ಬೇರೆ ಬೇರೆ ಕಡೆ ಇದೆ. ಸಿಕ್ಕ ಅಸ್ಥಿಪಂಜರಗಳು 960ರ ಹತ್ತಿರವೂ ಇಲ್ಲ.

ಒಂದು ಕಡೆ ಹೆಸರು ಬರೆದ 11 ಮಡಕೆ ಚೂರುಗಳು ಸಿಕ್ಕವು. ಒಂದರ ಮೇಲೆ 'ಬೆನ್ ಯಾಯಿರ್', ಅಂದರೆ ಯಾಯಿರನ ಮಗ ಎಂದಿತ್ತು. ಎಲಿಯಾಜರನ ತಂದೆಯ ಹೆಸರು ಯಾಯಿರ್. ಇವೇ ಆ ರಾತ್ರಿ ಎತ್ತಿದ ಚೀಟಿಗಳಿರಬಹುದು ಅಂದರು ಯಾದಿನ್. ಓದಿದಾಗ ನನ್ನ ಮೈ ಜುಮ್ಮೆಂದಿತ್ತು. ಆದರೆ ಹೆಸರು ಬರೆದ ಚೂರುಗಳು ಆ ಬೆಟ್ಟದಲ್ಲಿ ನೂರಾರು ಸಿಕ್ಕಿವೆ. ರೇಷನ್ ಹಂಚಲು ಬಳಸಿದವೂ ಇರಬಹುದು. ಜೋಸೆಫಸ್‌ನನ್ನು ಕೈಯಲ್ಲಿ ಹಿಡಿದು ಅಗೆದರೆ ಜೋಸೆಫಸ್ ಹೇಳಿದ್ದೇ ಸಿಗುತ್ತದೆ. ಪುರಾತತ್ವದ ವರದಿ ಓದುವಾಗಲೂ ಎರಡು ಬಣ್ಣದ ಪೆನ್ನು ಬೇಕು. ಇಲ್ಲಿ ಸಿಕ್ಕಿದ್ದು ನೀಲಿ, ಅದಕ್ಕೆ ಕೊಟ್ಟ ಅರ್ಥ ಕೆಂಪು.

ಒಂದು ಪದ, ಒಂದು ಎಚ್ಚರ

ಗ್ರೀಕ್ ಅಕ್ಷರಗಳನ್ನು ಒಂದು ವಾರ ಕುಳಿತು ಕಲಿಯಿರಿ. 24 ಅಕ್ಷರ, ಅಷ್ಟೇ. ಭಾಷೆ ಬರದಿದ್ದರೂ ಪದ ಗುರುತಿಸಬಹುದು. ನಾನು ಮೊದಲು ಹಿಂಬಾಲಿಸಿದ ಪದ 'ಲೇಸ್ತೇಸ್'. ದರೋಡೆಕೋರ ಎಂದು ಅರ್ಥ. ರೋಮಿನ ವಿರುದ್ಧ ಎದ್ದವರಲ್ಲಿ ಎಷ್ಟೋ ಜನರನ್ನು ಜೋಸೆಫಸ್ ಹೀಗೆಯೇ ಕರೆಯುತ್ತಾನೆ. ನಮ್ಮ ಶಿವಮೊಗ್ಗ ಸೀಮೆಯಲ್ಲಿ 1830ರಲ್ಲಿ ಕಂದಾಯದ ಹೊರೆ ತಾಳದೆ ಎದ್ದ ರೈತರ ಹೋರಾಟವನ್ನು ನಾವು ಇಂದಿಗೂ 'ನಗರದ ದಂಗೆ' ಎನ್ನುತ್ತೇವಲ್ಲ, ಅದು ಆಳುವವರು ಇಟ್ಟ ಹೆಸರು. 'ಲೇಸ್ತೇಸ್' ಕಂಡಲ್ಲೆಲ್ಲ ನಿಂತು, ಇವನನ್ನು ಇವನ ಊರಿನವರು ಏನೆಂದು ಕರೆಯುತ್ತಿದ್ದರು ಅಂತ ಕೇಳಿಕೊಳ್ಳಿ.

ಯೇಸುವಿನ ಬಗ್ಗೆ 'ಪುರಾತನ ಚರಿತ್ರೆ' 18.63–64ರಲ್ಲಿ ಒಂದು ಸಣ್ಣ ಭಾಗ ಇದೆ. ಅಲ್ಲಿಂದ ಮಾತ್ರ ಓದು ಶುರು ಮಾಡಬೇಡಿ. ಜೋಸೆಫಸ್‌ನ ಪುಸ್ತಕಗಳನ್ನು ಶತಮಾನಗಳ ಕಾಲ ನಕಲು ಮಾಡಿ ಉಳಿಸಿದವರು ಕ್ರೈಸ್ತರು. ಯೇಸುವೇ ಕ್ರಿಸ್ತ ಎಂಬ ಮಾತು ಅಲ್ಲಿ ಇದೆ. ಆದರೆ ಮೂರನೇ ಶತಮಾನದ ಕ್ರೈಸ್ತ ಲೇಖಕ ಒರಿಗೆನ್, ಜೋಸೆಫಸ್ ಯೇಸುವನ್ನು ಕ್ರಿಸ್ತನೆಂದು ನಂಬಿರಲಿಲ್ಲ ಎನ್ನುತ್ತಾನೆ. ಆ ಭಾಗವನ್ನು ಈಗಿನ ರೂಪದಲ್ಲಿ ಮೊದಲು ಎತ್ತಿ ಬರೆದವನು ನಾಲ್ಕನೇ ಶತಮಾನದ ಕ್ರೈಸ್ತ ಇತಿಹಾಸಕಾರ ಯೂಸೇಬಿಯಸ್. ಮೂಲದಲ್ಲಿ ಏನೋ ಇತ್ತು, ಆಮೇಲೆ ಕೈ ಸೇರಿದೆ ಎಂದು ಅನೇಕ ವಿದ್ವಾಂಸರ ಅಭಿಪ್ರಾಯ. ನನಗೂ ಹಾಗೇ ಅನ್ನಿಸುತ್ತದೆ. ಇದರ ಮೇಲಿನ ಜಗಳ ಓದುತ್ತಾ ಕುಳಿತರೆ ಜೋಸೆಫಸ್‌ನನ್ನು ಓದುವುದೇ ಉಳಿದುಬಿಡುತ್ತದೆ.

ಬಾಬಥಾಳ ತೋಟ

ದೊಡ್ಡವರು ಬರೆದದ್ದನ್ನೇ ಜಾಸ್ತಿ ಓದಿದರೆ ಯುದ್ಧ, ರಾಜ, ಪುರೋಹಿತ ಮಾತ್ರ ಕಾಣುತ್ತಾರೆ. ಅದಕ್ಕೇ ಪ್ರತಿ ಮೂರು ತಿಂಗಳಿಗೊಮ್ಮೆ ನಾನು ಕಾಗದಪತ್ರಗಳಿಗೆ ಹೋಗುತ್ತೇನೆ. 1961ರಲ್ಲಿ ಯಾದಿನ್ ತಂಡಕ್ಕೆ ಮೃತ ಸಮುದ್ರದ ಪಶ್ಚಿಮದ ಗುಹೆಯೊಂದರಲ್ಲಿ ಒಂದು ಚರ್ಮದ ಚೀಲ ಸಿಕ್ಕಿತು. ಒಳಗೆ 35 ಪತ್ರಗಳು. ಎಲ್ಲ ಬಾಬಥಾ ಎಂಬ ಯಹೂದಿ ಹೆಂಗಸಿನವು. ಗ್ರೀಕ್, ಅರಾಮಿಕ್, ನಬಾಟಿಯನ್ ಮೂರೂ ಭಾಷೆ ಇವೆ. ಮೊದಲನೆಯದು 94ರದು, ಕೊನೆಯದು 132ರದು. ಅದೇ ವರ್ಷ ರೋಮಿನ ವಿರುದ್ಧ ಬಾರ್ ಕೊಖ್ಬಾ ಎಂಬವನ ಬಂಡಾಯ ಶುರುವಾಯಿತು.

ತಂದೆಯಿಲ್ಲದ ತನ್ನ ಮಗನಿಗೆ ಪಾಲಕರು ತಿಂಗಳಿಗೆ ಬರೀ ಎರಡು ದಿನಾರಿ ಕೊಡುತ್ತಾರೆ, ಸಾಲದು ಎಂದು ಅವಳು ರೋಮನ್ ಅಧಿಕಾರಿಯ ತನಕ ದೂರು ಒಯ್ದಿದ್ದಾಳೆ. ಆದರೆ ನೀವು ಮೊದಲು ಓದಬೇಕಾದ್ದು 127ರ ಡಿಸೆಂಬರಿನ ಒಂದು ಪತ್ರ. ವಿದ್ವಾಂಸರು ಅದನ್ನು ಯಾದಿನ್ ಪಪೈರಸ್ 16 ಎನ್ನುತ್ತಾರೆ. ರೋಮನ್ನರು ಅರೇಬಿಯಾ ಪ್ರಾಂತದಲ್ಲಿ ಜಮೀನಿನ ಲೆಕ್ಕ ತೆಗೆದಾಗ ಬಾಬಥಾ ತನ್ನ ನಾಲ್ಕು ಖರ್ಜೂರದ ತೋಟಗಳನ್ನು ನೋಂದಾಯಿಸಿದ್ದು.

ಮನೆಯಲ್ಲಿ ಹಳೆಯ ಕ್ರಯಪತ್ರ ಇದ್ದರೆ ತೆಗೆದು ಪಕ್ಕದಲ್ಲಿ ಇಟ್ಟುಕೊಳ್ಳಿ. ನಾನು ನಮ್ಮ ಅಜ್ಜನ ಕಾಲದ ಅಡಿಕೆ ತೋಟದ ಪತ್ರ ಇಟ್ಟುಕೊಂಡಿದ್ದೆ. ಪ್ರತಿ ತೋಟಕ್ಕೂ ಹೆಸರು ಇದೆ. ತೋಟದ ಅಳತೆಯನ್ನು ಎಷ್ಟು ಬಾರ್ಲಿ ಬೀಜ ಬಿತ್ತಬಹುದು ಎಂದು ಹೇಳಿದೆ. ಇದು ನಮ್ಮ ಬೀಜವರಿ! ಖಂಡುಗ, ಕೊಳಗದ ಬದಲು ಅಲ್ಲಿ ಸಾಟೋನ್, ಕಾಬ್. ಕಂದಾಯ ಎಷ್ಟು ಖರ್ಜೂರ ಎಂದು ಇದೆ. ಆಮೇಲೆ ಚಕ್ಕುಬಂದಿ. ಒಂದು ತೋಟದ ಪಕ್ಕ ದಾರಿ ಮತ್ತು ಸಮುದ್ರ. ಇನ್ನೊಂದರ ಪಕ್ಕ ಚಕ್ರವರ್ತಿಯ ಜಮೀನು. ಮತ್ತೊಂದರ ಪಕ್ಕ ತಾಮಾರ್ ಎಂಬ ಹೆಂಗಸಿನ ಜಮೀನು.

ಎಡಪುಟದಲ್ಲಿ ನಾಲ್ಕೂ ತೋಟಗಳ ನಕ್ಷೆ ಬರೆಯಿರಿ. ಬಲಪುಟದಲ್ಲಿ ಒಂದೊಂದಾಗಿ ಕೇಳಿ. ಯಹೂದಿ ಹೆಂಗಸಿಗೆ ಇಷ್ಟು ಆಸ್ತಿ ಹೇಗೆ ಬಂತು? ಲೆಕ್ಕ ಗ್ರೀಕಿನಲ್ಲಿ ಏಕೆ? ಆಣೆ ಯಾರ ಮೇಲೆ? ಉತ್ತರ ಪತ್ರದ ಕೊನೆಯಲ್ಲಿ ಇದೆ. ಚಕ್ರವರ್ತಿಯ ಭಾಗ್ಯದ ಮೇಲೆ ಆಣೆ ಇಟ್ಟು ಬಾಬಥಾ ತೋಟಗಳನ್ನು ಬರೆಸಿದ್ದಾಳೆ. ಅದರ ಕೆಳಗೆ, ಅವಳ ಪರವಾಗಿ ನಾನು ಬರೆದೆ ಎಂದು ಎಲಿಯಾಜರ್ ಎಂಬ ಇನ್ನೊಬ್ಬನ ಮಗ ಯೂದಾ ಹೆಸರು ಹಾಕಿದ್ದಾನೆ. 35 ಪತ್ರಗಳನ್ನು ಗುಹೆಯ ತನಕ ಜೋಪಾನವಾಗಿ ಹೊತ್ತು ತಂದವಳಿಗೆ ಬರೆಯಲು ಬರುತ್ತಿರಲಿಲ್ಲ.